ಪೂರ್ ಫಾರ್ಮ್ ಎಂದರೇನು? ಅಮೆರಿಕದ ಕೌಂಟಿಗಳು ಬಡವರ ಹೆಸರಿನಲ್ಲಿ ಬೇಸಾಯ ಮಾಡಿದ ಕಥೆ

ಅಮೆರಿಕದ ಪೆನ್ಸಿಲ್ವೇನಿಯಾ, ಓಹಾಯೋ, ನ್ಯೂಯಾರ್ಕ್ ಮೊದಲಾದ ರಾಜ್ಯಗಳ ಹಳ್ಳಿಗಾಡಿನಲ್ಲಿ ಓಡಾಡಿದವರು 'ಪೂರ್ ಫಾರ್ಮ್ ರೋಡ್', 'ಕೌಂಟಿ ಹೋಮ್ ರೋಡ್', 'ಇನ್‌ಫರ್ಮರಿ ರೋಡ್' ಎಂಬ ಫಲಕಗಳನ್ನು ಎಲ್ಲಾದರೊಂದು ಕಡೆ ನೋಡಿರುತ್ತಾರೆ. ಆ ರಾಜ್ಯಗಳಲ್ಲಿ ಮನೆ ಮಾಡಿಕೊಂಡಿರುವ ಕನ್ನಡಿಗರು ಕಡಿಮೆಯೇನಿಲ್ಲ. ಅವರಲ್ಲಿ ಮೊದಲ ತಲೆಮಾರಿನವರಿಗೆ ಈಗ ವಯಸ್ಸಾಗುತ್ತಿದೆ. ಕೌಂಟಿ ನಡೆಸುವ ನರ್ಸಿಂಗ್ ಹೋಮನ್ನು, ಅಂದರೆ ವೃದ್ಧರು ಅಲ್ಲೇ ಇದ್ದು ಆರೈಕೆ ಪಡೆಯುವ ಮನೆಯನ್ನು, ಮಾರಬೇಕೇ, ಉಳಿಸಿಕೊಳ್ಳಬೇಕೇ ಎಂಬ ಚರ್ಚೆ ಸ್ಥಳೀಯ ಸಭೆಗಳಲ್ಲಿ ಬಂದಾಗ ಅದು ಅವರ ಮನೆಯ ಪ್ರಶ್ನೆಯೂ ಆಗುತ್ತದೆ. ಆ ರಸ್ತೆಯ ಹೆಸರು ಮತ್ತು ಈ ಚರ್ಚೆ ಎರಡೂ ಒಂದೇ ಸಂಸ್ಥೆಯಿಂದ ಹುಟ್ಟಿಕೊಂಡವು. ಅದೇ ಕೌಂಟಿಯ ಬಡವರ ಮನೆ ಮತ್ತು ಅದಕ್ಕೆ ಅಂಟಿಕೊಂಡಿದ್ದ ಹೊಲ. ಸುಮಾರು ಒಂದೂವರೆ ಶತಮಾನ ಕಾಲ ಅಮೆರಿಕದ ಹಳ್ಳಿಗಾಡಿನಲ್ಲಿ ದಿಕ್ಕಿಲ್ಲದವರಿಗೆ ಇದ್ದ ಕೊನೆಯ ಆಸರೆ ಇದಾಗಿತ್ತು. ಅದು ಹೇಗೆ ಹುಟ್ಟಿತು, ಅದಕ್ಕೆ ಹೊಲವೇಕೆ ಬೇಕಾಯಿತು, ಕೊನೆಗೆ ಏಕೆ ಮುಚ್ಚಿತು ಎಂಬುದನ್ನು ಮೊದಲಿನಿಂದ ನೋಡೋಣ.

ಮೊದಲಿಗೆ ತಿಳಿದಿರಬೇಕಾದ ಕೆಲವು ಪದಗಳು

ಅಮೆರಿಕದ ಬಹುತೇಕ ರಾಜ್ಯಗಳು ಕೌಂಟಿಗಳಾಗಿ ವಿಂಗಡಣೆಯಾಗಿವೆ. ವಿಸ್ತಾರದಲ್ಲಿ ನಮ್ಮ ಒಂದೆರಡು ತಾಲ್ಲೂಕುಗಳಷ್ಟಿರುವ ಕೌಂಟಿಗೆ ತನ್ನದೇ ಚುನಾಯಿತ ಮಂಡಳಿಯಿದ್ದು, ಮನೆ ಮತ್ತು ಜಮೀನುಗಳ ಮೇಲೆ ತೆರಿಗೆ ಹಾಕುವ ಅಧಿಕಾರವೂ ಇರುತ್ತದೆ. ಹಲವು ರಾಜ್ಯಗಳಲ್ಲಿ ಅದರ ಕೆಳಗೆ ಟೌನ್‌ಶಿಪ್ ಎಂಬ ಇನ್ನೂ ಚಿಕ್ಕ ಘಟಕವಿದೆ. ದೇಶದ ಈಶಾನ್ಯ ಮೂಲೆಯ ನ್ಯೂ ಇಂಗ್ಲೆಂಡ್ ಪ್ರದೇಶದಲ್ಲಿ ಬಡವರ ಹೊಣೆ ಬಹುಕಾಲ ಊರುಗಳದೇ ಆಗಿತ್ತು. ಉಳಿದ ಕಡೆ ಅದು ಕ್ರಮೇಣ ಟೌನ್‌ಶಿಪ್ಪಿನಿಂದ ಕೌಂಟಿಗೆ ಹೋಯಿತು.

ಆಮ್ಸ್‌ಹೌಸ್, ಪೂರ್‌ಹೌಸ್, ಪೂರ್ ಫಾರ್ಮ್, ಇನ್‌ಫರ್ಮರಿ, ಕೌಂಟಿ ಹೋಮ್ ಇವೆಲ್ಲ ಬೇರೆ ಬೇರೆ ಕಾಲದಲ್ಲಿ, ಬೇರೆ ಬೇರೆ ರಾಜ್ಯಗಳಲ್ಲಿ ಹೆಚ್ಚುಕಡಿಮೆ ಒಂದೇ ಸಂಸ್ಥೆಗೆ ಇಟ್ಟ ಹೆಸರುಗಳು. ಓಹಾಯೋ ರಾಜ್ಯವೊಂದರಲ್ಲೇ 1850ರಲ್ಲಿ ಪೂರ್‌ಹೌಸ್ ಇನ್‌ಫರ್ಮರಿಯಾಯಿತು, 1919ರಲ್ಲಿ ಕೌಂಟಿ ಹೋಮ್ ಆಯಿತು. ಈ ಲೇಖನದಲ್ಲಿ ಎಲ್ಲಕ್ಕೂ 'ಬಡವರ ಮನೆ' ಎಂದೇ ಕರೆಯಲಾಗಿದೆ.

ಸರ್ಕಾರದ ನೆರವಿಗೆ ಎರಡು ದಾರಿಗಳಿದ್ದವು. ಬಡವರು ತಮ್ಮ ಮನೆಯಲ್ಲೇ ಇದ್ದುಕೊಂಡು ಹಿಟ್ಟು, ಸೌದೆ, ಬಟ್ಟೆ ಅಥವಾ ಚೂರುಪಾರು ಹಣ ಪಡೆಯುವುದು ಒಂದು. ಇದಕ್ಕೆ 'ಹೊರ ನೆರವು' ಎನ್ನುತ್ತಿದ್ದರು. ಮನೆ ಬಿಟ್ಟು ಬಂದು ಬಡವರ ಮನೆಯ ದಾಖಲೆ ಪುಸ್ತಕದಲ್ಲಿ ಹೆಸರು ಬರೆಸಿಕೊಂಡು ಅಲ್ಲೇ ಇರುವುದು 'ಒಳ ನೆರವು'. ಹೊರ ನೆರವು ಜನರನ್ನು ಸೋಮಾರಿಗಳನ್ನಾಗಿಸುತ್ತದೆ, ಒಳ ನೆರವು ಕಷ್ಟವಾಗಿದ್ದರೆ ನಿಜವಾಗಿ ಬೇರೆ ಗತಿಯಿಲ್ಲದವರು ಮಾತ್ರ ಬರುತ್ತಾರೆ ಎಂಬ ನಂಬಿಕೆ ಹತ್ತೊಂಬತ್ತನೆಯ ಶತಮಾನದ ಆಡಳಿತಗಾರರಲ್ಲಿ ಬಲವಾಗಿತ್ತು. ಮುಂದೆ ಬರುವ ಅನೇಕ ಸಂಗತಿಗಳಿಗೆ ಈ ನಂಬಿಕೆಯೇ ಬೇರು.

ಸಾರ್ವಜನಿಕ ತೆರಿಗೆಯ ಹಣದಿಂದ ಬದುಕುವವರಿಗೆ ಕಾನೂನಿನಲ್ಲಿ ಪ್ರತ್ಯೇಕ ಸ್ಥಾನವಿತ್ತು, ಅದರ ಜೊತೆಗೆ ಅವಮಾನವೂ ಇತ್ತು. ಪೆನ್ಸಿಲ್ವೇನಿಯಾದ 1718ರ ಕಾನೂನು, ನೆರವು ಪಡೆಯುವವರು ಬಲ ತೋಳಿನ ಮೇಲೆ, ಭುಜದ ಬಳಿ, ಕೆಂಪು ಅಥವಾ ನೀಲಿ ಬಟ್ಟೆಯಲ್ಲಿ ಕತ್ತರಿಸಿದ ದೊಡ್ಡ 'ಪಿ' ('ಪಾಪರ್', ಅಂದರೆ ನಿರ್ಗತಿಕ) ಅಕ್ಷರವನ್ನೂ ತಮ್ಮ ಊರು ಅಥವಾ ಕೌಂಟಿಯ ಮೊದಲ ಅಕ್ಷರವನ್ನೂ ಹೊಲಿಸಿಕೊಂಡಿರಬೇಕೆಂದು ವಿಧಿಸಿತ್ತು. ಎರಡು ಶತಮಾನಗಳ ನಂತರ, 1930ರ ದಶಕದಲ್ಲೂ, ಕೆಲವು ರಾಜ್ಯಗಳ ಸಂವಿಧಾನಗಳು ಇಂಥವರಿಗೆ ಮತದ ಹಕ್ಕನ್ನು ನಿರಾಕರಿಸುತ್ತಿದ್ದವು.

ಹೊಣೆ ಯಾರದು? ಊರಿನ ಹಕ್ಕಿನ ಕಾನೂನು

ಅಮೆರಿಕದ ವಸಾಹತುಗಳು ಬಡವರ ಕಾನೂನನ್ನು ಇಂಗ್ಲೆಂಡಿನಿಂದ ತಂದುಕೊಂಡವು. ರಾಣಿ ಎಲಿಜಬೆತ್ ಕಾಲದ 1601ರ ಕಾನೂನು ಮೂರು ಮಾತುಗಳನ್ನು ಹೇಳಿತ್ತು: ಬಡವರನ್ನು ಮೊದಲು ಅವರ ಕುಟುಂಬದವರು ನೋಡಿಕೊಳ್ಳಬೇಕು; ಕುಟುಂಬವಿಲ್ಲದಿದ್ದರೆ ಆ ಊರು ನೋಡಿಕೊಳ್ಳಬೇಕು; ಅದಕ್ಕಾಗಿ ಊರಿನ ಆಸ್ತಿವಂತರಿಂದ ತೆರಿಗೆ ಎತ್ತಬೇಕು. ಸ್ಥಳೀಯ ಆಸ್ತಿ ತೆರಿಗೆಯಿಂದ ನಿರ್ಗತಿಕರ ಖರ್ಚು ಭರಿಸುವ ಈ ಕ್ರಮ ನಮಗೆ ತೀರ ಅಪರಿಚಿತವಲ್ಲ. ಕರ್ನಾಟಕದ 1975ರ ಭಿಕ್ಷಾಟನೆ ನಿಷೇಧ ಕಾಯ್ದೆಯಡಿ ಸ್ಥಳೀಯ ಸಂಸ್ಥೆಗಳು ಆಸ್ತಿ ತೆರಿಗೆಯ ಮೇಲೆ ಶೇ. 3ರಷ್ಟು ಉಪಕರ ವಸೂಲು ಮಾಡುತ್ತವೆ; ನಿರಾಶ್ರಿತರ ಪರಿಹಾರ ಕೇಂದ್ರಗಳು ನಡೆಯುವುದು ಆ ಹಣದಿಂದ.

ಊರೇ ಹೊಣೆ ಎಂದಾದ ಮೇಲೆ, ಈ ವ್ಯಕ್ತಿ ಯಾವ ಊರಿನವನು ಎಂಬ ಪ್ರಶ್ನೆ ಏಳಲೇಬೇಕು. ಅದನ್ನು ತೀರ್ಮಾನಿಸುವ ನಿಯಮಗಳಿಗೆ 'ಸೆಟಲ್‌ಮೆಂಟ್' ಕಾನೂನು ಎಂದು ಹೆಸರು. ಹುಟ್ಟು, ಮದುವೆ, ಆಸ್ತಿ, ತೆರಿಗೆ ಪಾವತಿ ಅಥವಾ ಒಂದು ಊರಿನಲ್ಲಿ ವರ್ಷವಿಡೀ ಸಂಬಳಕ್ಕೆ ದುಡಿದಿರುವುದು ಇವುಗಳಲ್ಲಿ ಯಾವುದಾದರೂ ಒಂದರಿಂದ ಊರಿನ ಹಕ್ಕು ಬರುತ್ತಿತ್ತು. ಹಕ್ಕಿಲ್ಲದವರನ್ನು ಹಿಂದಿನ ಊರಿಗೆ ಸಾಗಿಸಬಹುದಿತ್ತು. ಆ ಊರು ಒಪ್ಪದಿದ್ದರೆ ಮೊಕದ್ದಮೆ. ರೋಗಿಯನ್ನೋ ಗರ್ಭಿಣಿಯನ್ನೋ ಗಾಡಿಯಲ್ಲಿ ಕೂರಿಸಿ ಗಡಿ ದಾಟಿಸಿ ಬರುವುದಕ್ಕೆ, ಆಮೇಲೆ ವಕೀಲರನ್ನಿಟ್ಟು ವಾದಿಸುವುದಕ್ಕೆ ಊರುಗಳು ಖರ್ಚು ಮಾಡಿದ ಹಣದಲ್ಲಿ ಆ ಬಡವರಿಗೇ ಊಟ ಹಾಕಬಹುದಿತ್ತು ಎಂದು ಆ ಕಾಲದವರೇ ಗೊಣಗಿದ್ದುಂಟು.

ತಮ್ಮ ಪಾಲಿಗೆ ಬಂದವರನ್ನು ನೋಡಿಕೊಳ್ಳಲು ಅನೇಕ ಊರುಗಳು ಹಿಡಿದ ದಾರಿ ಹರಾಜು. ವರ್ಷಕ್ಕೊಮ್ಮೆ ಊರಿನ ಹೋಟೆಲಿನಲ್ಲೋ ಸಭಾಂಗಣದಲ್ಲೋ ಬಡವರನ್ನು ಒಬ್ಬೊಬ್ಬರನ್ನಾಗಿ ಹರಾಜಿಗೆ ಇಡುತ್ತಿದ್ದರು. ಇಲ್ಲಿ ಹೆಚ್ಚು ಕೂಗಿದವರು ಗೆಲ್ಲುತ್ತಿರಲಿಲ್ಲ. ರಸ್ತೆ ಕಾಮಗಾರಿಯ ಟೆಂಡರಿನಲ್ಲಿ ಕಡಿಮೆ ದರ ನಮೂದಿಸಿದವರಿಗೆ ಗುತ್ತಿಗೆ ಸಿಗುವಂತೆ, ಈ ಮುದುಕಿಯನ್ನು ಅತಿ ಕಡಿಮೆ ಹಣಕ್ಕೆ ಒಂದು ವರ್ಷ ಸಾಕುತ್ತೇನೆ ಎಂದವರ ಮನೆಗೆ ಆಕೆ ಹೋಗಬೇಕಾಗಿತ್ತು. ಗುತ್ತಿಗೆ ಹಿಡಿದವರಿಗೆ ಲಾಭ ಬರುವುದು ಎರಡೇ ಮೂಲದಿಂದ: ಆಕೆಯಿಂದ ಮಾಡಿಸಿಕೊಂಡ ಕೆಲಸ, ಆಕೆಯ ತಟ್ಟೆಯಿಂದ ಉಳಿಸಿಕೊಂಡ ಅನ್ನ. ಬಡವರ ಮನೆ ಎಂಬ ಕಲ್ಪನೆಯನ್ನು ಇಂದು ನಾವು ಕಠೋರವೆಂದು ಕಂಡರೂ, ಅದನ್ನು ಮುಂದಿಟ್ಟವರಲ್ಲಿ ಅನೇಕರು ಈ ಹರಾಜನ್ನು ಕಣ್ಣಾರೆ ಕಂಡು ಹೇಸಿದವರು ಎಂಬುದನ್ನು ಮರೆಯಬಾರದು.

ಹನ್ನಾ ಫ್ರೀಮನ್ ಕೊಟ್ಟ ಹೇಳಿಕೆ

ಈ ಕಾನೂನು ಒಬ್ಬ ವ್ಯಕ್ತಿಯ ಮೇಲೆ ಹೇಗೆ ಕೆಲಸ ಮಾಡಿತು ಎಂಬುದನ್ನು ತೋರಿಸುವ ಅಪರೂಪದ ದಾಖಲೆಯೊಂದು ಪೆನ್ಸಿಲ್ವೇನಿಯಾದ ಚೆಸ್ಟರ್ ಕೌಂಟಿಯದು. 1797ರ ಜುಲೈ ತಿಂಗಳಲ್ಲಿ ಮೋಸೆಸ್ ಮಾರ್ಷಲ್ ಎಂಬ ಸ್ಥಳೀಯ ಅಧಿಕಾರಿ ಹನ್ನಾ ಫ್ರೀಮನ್ ಎಂಬ ವೃದ್ಧೆಯ ಹೇಳಿಕೆಯನ್ನು ಬರೆದುಕೊಂಡರು. ಹನ್ನಾ ಆ ನೆಲದ ಮೂಲನಿವಾಸಿಗಳಾದ ಲೆನಾಪಿ ಜನಾಂಗದವರು. ಸುತ್ತಲಿನವರು ಅವರನ್ನು 'ಇಂಡಿಯನ್ ಹನ್ನಾ' ಎಂದು ಕರೆಯುತ್ತಿದ್ದರು. ಅಷ್ಟು ಹೊತ್ತಿಗೆ ಅವರಿಗೆ ಅರವತ್ತು ದಾಟಿತ್ತು, ದುಡಿಯುವ ಶಕ್ತಿ ಕುಂದಿತ್ತು.

ಆ ಹೇಳಿಕೆ ಮೇಲ್ನೋಟಕ್ಕೆ ಆತ್ಮಕಥೆಯಂತೆ ಕಾಣುತ್ತದೆ. ಕೆನೆಟ್ ಎಂಬಲ್ಲಿ ಒಬ್ಬ ಜಮೀನುದಾರನ ನೆಲದಲ್ಲಿದ್ದ ಗುಡಿಸಿಲಿನಲ್ಲಿ ತಾವು ಹುಟ್ಟಿದ್ದು, ಕುಟುಂಬ ಚಳಿಗಾಲದಲ್ಲಿ ಅಲ್ಲಿದ್ದು ಬೇಸಿಗೆಯಲ್ಲಿ ಜೋಳ ಹಾಕಲು ನ್ಯೂಲಿನ್ ಕಡೆಗೆ ಹೋಗುತ್ತಿದ್ದದ್ದು, ಆಮೇಲೆ ಯಾರ ಯಾರ ಮನೆಯಲ್ಲಿ ದುಡಿದದ್ದು, ಎಲ್ಲಿ ವಾರಕ್ಕೆ ಇಷ್ಟೆಂದು ಕೂಲಿ ಸಿಕ್ಕಿತು, ಎಲ್ಲಿ ಬರೀ ಊಟ ವಸತಿಗೆ ಇದ್ದರು ಎಂಬ ವಿವರಗಳೆಲ್ಲ ಅದರಲ್ಲಿವೆ. ಆದರೆ ಕೇಳಿದವರಿಗೆ ಬೇಕಾಗಿದ್ದುದು ಕಥೆಯಲ್ಲ. ಯಾವ ಟೌನ್‌ಶಿಪ್ಪಿನಲ್ಲಿ ಈಕೆ ಕೊನೆಯದಾಗಿ ಸಂಬಳಕ್ಕೆ ದುಡಿದರು ಎಂಬುದು ಗೊತ್ತಾದರೆ ಈಕೆಯ ಖರ್ಚು ಯಾರ ತಲೆಗೆ ಬೀಳಬೇಕು ಎಂಬುದು ತೀರ್ಮಾನವಾಗುತ್ತಿತ್ತು. ಒಂದು ಜನಾಂಗ ಋತುವಿಗೆ ತಕ್ಕಂತೆ ಓಡಾಡಿಕೊಂಡಿದ್ದ ನೆಲದಲ್ಲಿ ಆ ಜನಾಂಗದ ಹೆಂಗಸು ಯಾವ ಊರಿನವಳು ಎಂದು ಹುಡುಕುವ ಕೆಲಸ ಅದು. ಅಲ್ಲಿ ಹರಿಯುವ ಬ್ರಾಂಡಿವೈನ್ ನದಿಯ ದಂಡೆ ತಮ್ಮದೆಂದು, ಅದನ್ನು ತಮಗೆ ಮಾತು ಕೊಟ್ಟು ಕಸಿದುಕೊಳ್ಳಲಾಗಿದೆಯೆಂದು ಲೆನಾಪಿಗಳು 1720ರ ದಶಕದಲ್ಲೇ ವಸಾಹತಿನ ಸರ್ಕಾರಕ್ಕೆ ದೂರು ಕೊಟ್ಟಿದ್ದರು.

ಕೆಲಕಾಲ ನೆರೆಹೊರೆಯವರು ಹಣ ಕೂಡಿಸಿ, ಸರದಿಯ ಮೇಲೆ ಹನ್ನಾ ಅವರನ್ನು ನೋಡಿಕೊಂಡರು. ಅಷ್ಟರಲ್ಲಿ, 1798ರ ಫೆಬ್ರವರಿಯಲ್ಲಿ, ಚೆಸ್ಟರ್ ಮತ್ತು ಪಕ್ಕದ ಲ್ಯಾಂಕಾಸ್ಟರ್ ಕೌಂಟಿಗಳಲ್ಲಿ ಬಡವರ ಉದ್ಯೋಗ ಮತ್ತು ಪಾಲನೆಗಾಗಿ ಮನೆಗಳನ್ನು ಕಟ್ಟಬೇಕೆಂಬ ಕಾನೂನನ್ನು ರಾಜ್ಯ ಮಾಡಿತು. ಇನ್ನು ಮುಂದೆ ಟೌನ್‌ಶಿಪ್‌ಗಳು ಕಿತ್ತಾಡಬೇಕಾಗಿರಲಿಲ್ಲ. ಇಡೀ ಕೌಂಟಿಯೇ ಹೊಣೆ. ಬ್ರಾಂಡಿವೈನ್ ನದಿಯ ಬಳಿ, ಇಂದು ಎಂಬ್ರೀವಿಲ್ ಎನ್ನುವ ಜಾಗದಲ್ಲಿ ಕೌಂಟಿ ಜಮೀನು ಕೊಂಡು ಕಟ್ಟಡ ಎಬ್ಬಿಸಿತು. 1800ರ ನವೆಂಬರಿನಲ್ಲಿ ಅದು ಬಾಗಿಲು ತೆರೆದಾಗ ಒಳಗೆ ಬಂದ ಮೊದಲಿಗರಲ್ಲಿ ಹನ್ನಾ ಒಬ್ಬರು. 1802ರಲ್ಲಿ ಅಲ್ಲೇ ತೀರಿಕೊಂಡರು, ಅಲ್ಲಿನ ಬಡವರ ಸ್ಮಶಾನದಲ್ಲೇ ಅವರನ್ನು ಮಣ್ಣು ಮಾಡಲಾಯಿತು.

ಹೊಲ ಏಕೆ ಬೇಕಾಯಿತು?

ಇಂತಹ ಮನೆಗಳು ಅಲ್ಲೊಂದು ಇಲ್ಲೊಂದು ಇದ್ದದ್ದು ದೇಶವ್ಯಾಪಿ ಪದ್ಧತಿಯಾದದ್ದು 1820ರ ದಶಕದಲ್ಲಿ. 1821ರಲ್ಲಿ ಮ್ಯಾಸಚೂಸೆಟ್ಸ್‌ನಲ್ಲಿ ಜೋಸಾಯಾ ಕ್ವಿನ್ಸಿ ಅವರ ನೇತೃತ್ವದ ಸಮಿತಿ, 1824ರಲ್ಲಿ ನ್ಯೂಯಾರ್ಕ್‌ನಲ್ಲಿ ರಾಜ್ಯದ ಕಾರ್ಯದರ್ಶಿಯಾಗಿದ್ದ ಜಾನ್ ವ್ಯಾನ್ ನೆಸ್ ಯೇಟ್ಸ್ ಬಡವರ ಪರಿಸ್ಥಿತಿಯನ್ನು ಅಧ್ಯಯನ ಮಾಡಿ ಒಂದೇ ತೀರ್ಮಾನಕ್ಕೆ ಬಂದರು. ಹರಾಜು ಕ್ರೂರ, ಹೊರ ನೆರವು ದುಬಾರಿ, ಊರಿನ ಹಕ್ಕಿನ ವ್ಯಾಜ್ಯಗಳು ವ್ಯರ್ಥ. ಹೊಲವಿರುವ ಬಡವರ ಮನೆಯೇ ಎಲ್ಲಕ್ಕೂ ಪರಿಹಾರ ಎಂಬುದು ಅವರ ನಿಲುವು. ಅದೇ ವರ್ಷದ ನವೆಂಬರಿನಲ್ಲಿ ಬಂದ ನ್ಯೂಯಾರ್ಕ್ ಕಾನೂನು, ಕೌಂಟಿಗಳು ಈ ಉದ್ದೇಶಕ್ಕೆ 200 ಎಕರೆ ಮೀರದಂತೆ ಜಮೀನು ಕೊಳ್ಳಬಹುದೆಂದು ಹೇಳಿತು. ಮುಂದಿನ ದಶಕಗಳಲ್ಲಿ ಬೇರೆ ರಾಜ್ಯಗಳೂ ಈ ಮಾದರಿಯನ್ನು ಅನುಸರಿಸಿದವು.

ಹೊಲದ ಹಿಂದೆ ಮೂರು ಆಸೆಗಳು ಒಟ್ಟಿಗೆ ಕೆಲಸ ಮಾಡುತ್ತಿದ್ದವು. ಮೊದಲನೆಯದು ಹಣ: ನಿವಾಸಿಗಳೇ ಬೆಳೆದು ಉಂಡರೆ ತೆರಿಗೆಯ ಭಾರ ತಗ್ಗುತ್ತದೆ, ಮಿಕ್ಕಿದ್ದನ್ನು ಮಾರಿದರೆ ಲಾಭವೂ ಬರಬಹುದು. ಎರಡನೆಯದು ನೀತಿ: ಬಡತನಕ್ಕೆ ಮುಖ್ಯ ಕಾರಣ ಕುಡಿತ ಮತ್ತು ಸೋಮಾರಿತನ ಎಂದು ನಂಬಿದ್ದ ಕಾಲದಲ್ಲಿ, ಬಯಲ ಗಾಳಿಯಲ್ಲಿ ಮಾಡುವ ಬೇಸಾಯ ಮನುಷ್ಯನನ್ನು ತಿದ್ದುತ್ತದೆ ಎನ್ನುವುದು ಗಟ್ಟಿ ವಿಶ್ವಾಸವಾಗಿತ್ತು. ಮೂರನೆಯದನ್ನು ಯಾರೂ ಅಷ್ಟು ಬಿಚ್ಚಿ ಹೇಳುತ್ತಿರಲಿಲ್ಲ. ಊರಿನಿಂದ ದೂರ, ಹೊಲದ ನಡುವೆ, ಗಂಡಸರು ಹೆಂಗಸರು ಬೇರೆ ಬೇರೆಯಾಗಿ ಮಲಗಬೇಕಾದ ಮನೆಗೆ, ದುಡಿದೇ ಉಣ್ಣಬೇಕೆಂಬ ಷರತ್ತಿನೊಂದಿಗೆ ಯಾರೂ ಸುಲಭಕ್ಕೆ ಬರಲು ಒಪ್ಪುವುದಿಲ್ಲ. ಬಾರದಂತೆ ತಡೆಯುವುದೂ ಸಂಸ್ಥೆಯ ಉದ್ದೇಶಗಳಲ್ಲಿ ಒಂದಾಗಿತ್ತು.

ದುರ್ಬಲರಿಗೆ ಆಸರೆ ಕೊಡುವುದು ಮತ್ತು ಆಸರೆ ಕೇಳದಂತೆ ಹೆದರಿಸುವುದು, ಈ ಎರಡು ಕೆಲಸಗಳನ್ನು ಒಂದೇ ಮನೆಗೆ ವಹಿಸಿದ್ದರಿಂದಲೇ ಮುಂದಿನ ಎಲ್ಲ ಕೇಡುಗಳೂ ಹುಟ್ಟಿದವು ಎಂಬುದು ದಾಖಲೆಗಳನ್ನು ಓದುವ ಯಾರಿಗೂ ತೋರದಿರದು.

ಹೊಲದ ದಿನಚರಿ

ಓಹಾಯೋ ರಾಜ್ಯದ ವಾಯವ್ಯ ಮೂಲೆಯಲ್ಲಿ ಬೌಲಿಂಗ್ ಗ್ರೀನ್ ಎಂಬ ಊರಿದೆ. ಒಂದು ಕಾಲಕ್ಕೆ ಅದರ ಸುತ್ತಲಿನದೆಲ್ಲ 'ಗ್ರೇಟ್ ಬ್ಲ್ಯಾಕ್ ಸ್ವಾಂಪ್' ಎಂಬ ದೊಡ್ಡ ಜೌಗು ನೆಲ. ಹತ್ತೊಂಬತ್ತನೆಯ ಶತಮಾನದಲ್ಲಿ ಕಾಲುವೆ ತೋಡಿ ನೀರು ಹರಿಸಿದ ಮೇಲೆ ಅದು ಸಮೃದ್ಧ ಬೇಸಾಯದ ಭೂಮಿಯಾಯಿತು. ಅಲ್ಲಿನ ವುಡ್ ಕೌಂಟಿ ತನ್ನ ಇನ್‌ಫರ್ಮರಿಯನ್ನು 1869ರಲ್ಲಿ ತೆರೆದು 1971ರವರೆಗೆ ನಡೆಸಿತು. ಇಟ್ಟಿಗೆಯ ಆ ದೊಡ್ಡ ಕಟ್ಟಡ ಈಗ ಕೌಂಟಿಯ ವಸ್ತುಸಂಗ್ರಹಾಲಯ. ಮಂಜುಗಡ್ಡೆ ಶೇಖರಿಸುತ್ತಿದ್ದ ಕೊಠಡಿ, ಬುದ್ಧಿಭ್ರಮಣೆಯಾದವರನ್ನು ಇರಿಸಲು 1885ರಲ್ಲಿ ಕಟ್ಟಿದ ಪ್ರತ್ಯೇಕ ಮನೆ, ಬಡವರ ಸ್ಮಶಾನ ಎಲ್ಲವೂ ಅದೇ ಆವರಣದಲ್ಲಿರುವುದರಿಂದ, ಇಂತಹ ಸಂಸ್ಥೆ ಒಂದು ಪುಟ್ಟ ಊರಿನಂತೆ ಹೇಗೆ ನಡೆಯುತ್ತಿತ್ತು ಎಂಬುದನ್ನು ಊಹಿಸಲು ಅದು ಒಳ್ಳೆಯ ಜಾಗ.

ದೇಶದ ಹೆಚ್ಚಿನ ಕೌಂಟಿಗಳಲ್ಲಿ ವ್ಯವಸ್ಥೆ ಒಂದೇ ಅಚ್ಚಿನದು. ಕೌಂಟಿ ಮಂಡಳಿ ಒಬ್ಬ ಮೇಲ್ವಿಚಾರಕನನ್ನು ನೇಮಿಸುತ್ತಿತ್ತು. ಅವನ ಹೆಂಡತಿ ಮೇಟ್ರನ್, ಅಂದರೆ ಮನೆಯೊಳಗಿನ ಉಸ್ತುವಾರಿ ನೋಡುವವಳು. ಇಬ್ಬರಿಗೂ ಸೇರಿಸಿ ಒಂದೇ ಸಂಬಳ ಗೊತ್ತುಮಾಡುವುದೂ ಉಂಟು. ಕಟ್ಟಡದ ನಡುಭಾಗದಲ್ಲಿ ಅವರ ಸಂಸಾರ, ಒಂದು ರೆಕ್ಕೆಯಲ್ಲಿ ಗಂಡಸರು, ಇನ್ನೊಂದರಲ್ಲಿ ಹೆಂಗಸರು. ಗಂಡ ಹೆಂಡತಿ ಒಟ್ಟಿಗೆ ಬಂದರೂ ಬೇರೆಯಾಗಬೇಕಿತ್ತು. ಮೇಲ್ವಿಚಾರಕನನ್ನು ಆರಿಸುವಾಗ ಅವನು ಒಳ್ಳೆಯ ಬೇಸಾಯಗಾರನೇ ಎಂದು ನೋಡುತ್ತಿದ್ದರೇ ಹೊರತು ರೋಗಿಗಳ ಆರೈಕೆ ಗೊತ್ತಿದೆಯೇ ಎಂದು ಕೇಳುತ್ತಿದ್ದದ್ದು ಕಡಿಮೆ.

ಗಂಡಸರು ದನ ಹಂದಿಗಳಿಗೆ ಮೇವು ಹಾಕುವುದು, ಸೌದೆ ಸೀಳುವುದು, ತರಕಾರಿ ತೋಟದ ಕಳೆ ತೆಗೆಯುವುದು, ಮುಸುಕಿನ ಜೋಳ ಮುರಿಯುವುದು ಮಾಡುತ್ತಿದ್ದರು. ಹೆಂಗಸರ ಪಾಲಿಗೆ ಅಡುಗೆ, ಬೆಣ್ಣೆ ಕಡೆಯುವುದು, ಹಾಸಿಗೆ ಬಟ್ಟೆ ಒಗೆಯುವುದು, ಹೊಲಿಗೆ, ಹಾಸಿಗೆ ಹಿಡಿದವರ ಶುಶ್ರೂಷೆ. ಚಳಿ ಕಟ್ಟಿದ ಮೇಲೆ ಹಂದಿ ಕೊಯ್ದು ಮಾಂಸವನ್ನು ಉಪ್ಪು ಹಾಕಿ, ಹೊಗೆಯ ಕೊಠಡಿಯಲ್ಲಿ ತೂಗುಹಾಕಿ ವರ್ಷಕ್ಕಾಗುವಷ್ಟು ಮಾಡಿಕೊಳ್ಳುತ್ತಿದ್ದರು. ಆಲೂಗಡ್ಡೆ, ಎಲೆಕೋಸು, ಸೇಬು ನೆಲಮಾಳಿಗೆ ಸೇರುತ್ತಿದ್ದವು.

ವರ್ಷದ ಕೊನೆಗೆ ಮೇಲ್ವಿಚಾರಕನು ಕೌಂಟಿಗೆ ಒಪ್ಪಿಸುತ್ತಿದ್ದ ವರದಿಯಲ್ಲಿ ಇವೆಲ್ಲದರ ಲೆಕ್ಕವಿರುತ್ತಿತ್ತು: ಇಷ್ಟು ಬುಶೆಲ್ (ಧಾನ್ಯದ ಅಳತೆ) ಜೋಳ, ಇಷ್ಟು ಪೌಂಡ್ ಬೆಣ್ಣೆ, ಇಷ್ಟು ಡಜನ್ ಮೊಟ್ಟೆ, ಹೊಲಿದ ಅಂಗಿಗಳು ಇಷ್ಟು. ಅದೇ ಹಾಳೆಯಲ್ಲಿ ಒಳಗೆ ಬಂದವರು, ಬಿಟ್ಟು ಹೋದವರು, ಓಡಿಹೋದವರು, ಸತ್ತವರು ಎಷ್ಟು ಎಂಬುದೂ ಇರುತ್ತಿತ್ತು. ಬೆಳೆಯ ಪಟ್ಟಿಗೆ ಸಿಕ್ಕಿದ ಗಮನ ಜನರ ಪಟ್ಟಿಗೆ ಸಿಗಲಿಲ್ಲ, ಏಕೆಂದರೆ ಮಂಡಳಿ ಮೇಲ್ವಿಚಾರಕನನ್ನು ಅಳೆಯುತ್ತಿದ್ದುದು ತಲಾ ಖರ್ಚಿನಿಂದ. ವಾರಕ್ಕೆ ಒಬ್ಬರಿಗೆ ಎಷ್ಟು ಸೆಂಟು ಕಡಿಮೆಯಾಯಿತೋ ಅಷ್ಟು ಒಳ್ಳೆಯ ಆಡಳಿತ.

ಲೆಕ್ಕ ತಪ್ಪಿದ್ದು ಎಲ್ಲಿ?

ಹೊಲದಿಂದ ಬಡವರ ಮನೆ ತನ್ನ ಕಾಲ ಮೇಲೆ ತಾನು ನಿಲ್ಲುತ್ತದೆ ಎಂಬ ಲೆಕ್ಕಾಚಾರ ಬಹುತೇಕ ಕಡೆ ಕುಸಿಯಿತು. ಅದಕ್ಕೆ ಕಾರಣ ಯೇಟ್ಸ್ ಅವರ ವರದಿಯಲ್ಲೇ ಇತ್ತು. ನ್ಯೂಯಾರ್ಕ್ ರಾಜ್ಯದಲ್ಲಿ ವರ್ಷವಿಡೀ ನೆರವಿನ ಮೇಲೆ ಬದುಕುತ್ತಿದ್ದ 6,896 ಮಂದಿಯನ್ನು ಅವರು ಎಣಿಸಿದ್ದರು. ಅವರಲ್ಲಿ 2,604 ಮಂದಿ 14 ವರ್ಷದೊಳಗಿನ ಮಕ್ಕಳು. ಉಳಿದವರಲ್ಲಿ ಕುರುಡರು, ಹಣ್ಣು ಮುದುಕರು, ಕಾಲಿಲ್ಲದವರು, ಬುದ್ಧಿಮಾಂದ್ಯರು, ವಾಸಿಯಾಗದ ಕಾಯಿಲೆಯವರು. ಏನಾದರೂ ಕೆಲಸ ಕೊಟ್ಟರೆ ಮಾಡಬಲ್ಲರು ಎನ್ನಬಹುದಾದವರು 1,789 ಮಂದಿ, ಅಂದರೆ ಸುಮಾರು ಕಾಲುಭಾಗ. ಅವರೂ ಗಟ್ಟಿಮುಟ್ಟಾದವರಲ್ಲ ಎಂದು ವರದಿಯೇ ಹೇಳುತ್ತದೆ. ನೂರೈವತ್ತು ಎಕರೆಯ ಬೇಸಾಯಕ್ಕೆ ಈ ಬಲ ಎಲ್ಲಿಗೂ ಸಾಲದು.

ಎರಡನೆಯ ಕಾರಣ ಋತುಮಾನ. ದುಡಿಯಬಲ್ಲ ಗಂಡಸರು ಬಡವರ ಮನೆಗೆ ಬರುತ್ತಿದ್ದುದು ಚಳಿಗಾಲದಲ್ಲಿ, ಹೊಲ ಹಿಮದಡಿ ಮಲಗಿ ಹೊರಗೆಲ್ಲೂ ಕೂಲಿ ಇಲ್ಲದಾಗ. ಉಳುಮೆ ಶುರುವಾಗುವ ಹೊತ್ತಿಗೆ ಹೊರಗೆ ಕೂಲಿ ಸಿಗುತ್ತಿತ್ತು, ಅವರು ಹೊರಟುಬಿಡುತ್ತಿದ್ದರು. ಬಿತ್ತನೆ ಕೊಯ್ಲಿನ ಕಾಲದಲ್ಲಿ ಮನೆಯಲ್ಲಿ ಉಳಿಯುತ್ತಿದ್ದವರು ಕೈಲಾಗದವರೇ. ಹಾಗಾಗಿ ಮೇಲ್ವಿಚಾರಕನು ಹೊರಗಿನಿಂದ ಕೂಲಿಯಾಳುಗಳನ್ನು ಇಟ್ಟುಕೊಳ್ಳಬೇಕಾಗುತ್ತಿತ್ತು. ಬಡವರನ್ನು ದುಡಿಸಿ ತೆರಿಗೆ ಉಳಿಸಲು ಕೊಂಡ ಹೊಲಕ್ಕೆ ತೆರಿಗೆಯ ಹಣದಿಂದಲೇ ಆಳುಗಳ ಕೂಲಿ ಹೋಯಿತು.

ಹಾಗೆಂದು ಹೊಲ ನಿಷ್ಪ್ರಯೋಜಕವಾಗಿತ್ತು ಎನ್ನುವಂತಿಲ್ಲ. ತಾಜಾ ಹಾಲು, ತರಕಾರಿ, ಮಾಂಸ ಮನೆಯ ಬಾಗಿಲಲ್ಲೇ ಸಿಗುತ್ತಿದ್ದುದರಿಂದ, ಒಳ್ಳೆಯ ಮೇಲ್ವಿಚಾರಕ ಮತ್ತು ಮೇಟ್ರನ್ ಇದ್ದ ಕಡೆ ನಿವಾಸಿಗಳ ಊಟ ಸುತ್ತಲಿನ ಬಡ ರೈತನ ಊಟಕ್ಕಿಂತ ಕೆಟ್ಟದಾಗಿರಲಿಲ್ಲ. ಹೊಲವಿಲ್ಲದಿದ್ದರೆ ಕೌಂಟಿಗಳು ಇನ್ನೂ ಕೈ ಬಿಗಿಹಿಡಿಯುತ್ತಿದ್ದವು. ಆದರೆ ತಾನೇ ತನ್ನನ್ನು ಸಾಕಿಕೊಳ್ಳಬೇಕಾದ ಸಂಸ್ಥೆ ಇದು ಎಂಬ ನಿರೀಕ್ಷೆ ಮಾತ್ರ ದಶಕಗಳವರೆಗೆ ಹೋಗಲಿಲ್ಲ. ದಾದಿಯರಿಗೆ, ವೈದ್ಯರಿಗೆ, ಒಲೆಗಳಿಗೆ ಹಣ ಕೇಳಿದಾಗಲೆಲ್ಲ ಅದು ಅಡ್ಡ ನಿಂತಿತು.

ಒಂದೇ ಸೂರಿನಡಿ ಎಲ್ಲರೂ

ಗತಿಯಿಲ್ಲದವರೆಲ್ಲರಿಗೂ ಇದೊಂದೇ ಬಾಗಿಲು. ಅನಾಥ ಮಗು, ಮದುವೆಯಾಗದೆ ಬಸುರಾದ ಹುಡುಗಿ, ಕುಡುಕ, ಮೂರ್ಛೆರೋಗಿ, ಸಿಡುಬು ತಗುಲಿದವರು, ಎಂಬತ್ತರ ವಿಧವೆ ಎಲ್ಲರೂ ಒಂದೇ ಮನೆಗೆ ಬಂದರು. ದಕ್ಷಿಣದ ರಾಜ್ಯಗಳಲ್ಲಿ ಕಪ್ಪು ಜನರಿಗೆ ಪ್ರತ್ಯೇಕವಾದ, ಇನ್ನೂ ಹೀನವಾದ ಕೋಣೆಗಳಿದ್ದವು.

ಅತ್ಯಂತ ಘೋರವಾದ ಸ್ಥಿತಿ ಮನೋರೋಗಿಗಳದು. 1843ರಲ್ಲಿ ಸಮಾಜ ಸುಧಾರಕಿ ಡೊರೊತಿಯಾ ಡಿಕ್ಸ್ ಮ್ಯಾಸಚೂಸೆಟ್ಸ್ ಶಾಸನಸಭೆಗೆ ಸಲ್ಲಿಸಿದ ಮನವಿಯಲ್ಲಿ, ಬಡವರ ಮನೆಗಳ ಮತ್ತು ಜೈಲುಗಳ ನೆಲಮಾಳಿಗೆಗಳಲ್ಲಿ, ಪಂಜರಗಳಲ್ಲಿ, ದೊಡ್ಡಿಗಳಲ್ಲಿ ಸರಪಳಿ ಹಾಕಿಸಿಕೊಂಡು ಬಿದ್ದಿದ್ದ ಜನರನ್ನು ತಾವು ಕಂಡಿದ್ದನ್ನು ಊರಿನ ಹೆಸರು ಸಹಿತ ಬರೆದರು. ಮುಂದೆ ಅವರು ನ್ಯೂಯಾರ್ಕ್ ಸೇರಿದಂತೆ ಹಲವು ರಾಜ್ಯಗಳಲ್ಲಿ ಹೀಗೆಯೇ ಓಡಾಡಿದರು. 1857ರಲ್ಲಿ ನ್ಯೂಯಾರ್ಕ್ ಸೆನೆಟ್ಟಿನ ಸಮಿತಿಯೊಂದು, ಕೆಲವು ಬಡವರ ಮನೆಗಳ ನಿವಾಸಿಗಳಿಗಿಂತ ಸಾಕುಪ್ರಾಣಿಗಳನ್ನು ಹೆಚ್ಚು ಮಾನವೀಯವಾಗಿ ನೋಡಿಕೊಳ್ಳಲಾಗುತ್ತಿದೆ ಎಂದು ವರದಿ ಮಾಡಿತು. ಅಲ್ಲಿನ ವಿಲ್ಲರ್ಡ್ ಆಸ್ಪತ್ರೆ 1869ರ ಅಕ್ಟೋಬರಿನಲ್ಲಿ ತೆರೆದಾಗ ಮೊದಲ ರೋಗಿಯಾಗಿ ಬಂದ ಮಹಿಳೆ ಕೊಲಂಬಿಯಾ ಕೌಂಟಿಯ ಬಡವರ ಮನೆಯಲ್ಲಿ ಹತ್ತು ವರ್ಷ ಸರಪಳಿಯಲ್ಲಿದ್ದವರು.

ಆ ಮೇಲೆ ಒಂದೊಂದೇ ಗುಂಪನ್ನು ಬಡವರ ಮನೆಯಿಂದ ಹೊರಗೆ ತೆಗೆಯುವ ಕೆಲಸ ಶುರುವಾಯಿತು. ನ್ಯೂಯಾರ್ಕ್ 1875ರಲ್ಲಿ ಮೂರರಿಂದ ಹದಿನಾರು ವರ್ಷದ ಮಕ್ಕಳನ್ನು ಅಲ್ಲಿ ಇಡಬಾರದೆಂದು ಕಾನೂನು ಮಾಡಿತು. ಅಲ್ಲಿಯವರೆಗೆ ಅಂತಹ ಮಕ್ಕಳನ್ನು ಕರಾರು ಬರೆಸಿ ರೈತರ ಮನೆಗಳಿಗೆ ದುಡಿಯಲು ಕಳಿಸುವುದು ಸಾಮಾನ್ಯವಾಗಿತ್ತು. 1890ರಲ್ಲಿ ಅದೇ ರಾಜ್ಯ ಮನೋರೋಗಿಗಳ ಹೊಣೆಯನ್ನು ಕೌಂಟಿಗಳಿಂದ ತಾನೇ ವಹಿಸಿಕೊಂಡಿತು. ಕುರುಡರಿಗೆ, ಕಿವುಡರಿಗೆ, ಕ್ಷಯರೋಗಿಗಳಿಗೆ ಬೇರೆ ಸಂಸ್ಥೆಗಳು ಬಂದವು.

ಎಲ್ಲರೂ ಹೋದ ಮೇಲೆ ಉಳಿದವರು ಮುದುಕರು. 1880ರಲ್ಲಿ ದೇಶದ ಬಡವರ ಮನೆಗಳ ನಿವಾಸಿಗಳಲ್ಲಿ ಮೂರನೇ ಒಂದರಷ್ಟಿದ್ದ ವೃದ್ಧರು 1923ರ ಹೊತ್ತಿಗೆ ಮೂರನೇ ಎರಡರಷ್ಟಾದರು. ಆ ವರ್ಷದ ಗಣತಿಯಲ್ಲಿ ಒಟ್ಟು ನಿವಾಸಿಗಳು 78,090. ದೇಶದ ವೃದ್ಧರಲ್ಲಿ ಇವರು ನೂರಕ್ಕೆ ಇಬ್ಬರಷ್ಟೇ ಇದ್ದರೂ, ಬಡವರ ಮನೆಯ ಭಯ ಮಾತ್ರ ದುಡಿದು ತಿನ್ನುವ ಎಲ್ಲ ಮನೆಗಳಲ್ಲೂ ಇತ್ತು.

ಆ ಭಯದಲ್ಲಿ ಸಾವಿನ ಪಾಲು ದೊಡ್ಡದು. ಬಡವರ ಮನೆಯಲ್ಲಿ ಸತ್ತವರನ್ನು ಹೊಲದ ಅಂಚಿನಲ್ಲಿ ಹೂಳುತ್ತಿದ್ದರು. ಅನೇಕ ಕಡೆ ಸಮಾಧಿಯ ಮೇಲೆ ಹೆಸರಿಲ್ಲ, ಬರೀ ಸಂಖ್ಯೆ. ಇದಕ್ಕಿಂತ ಹೆಚ್ಚಾಗಿ, ವಾರಸುದಾರರು ಬಾರದ ಶವಗಳನ್ನು ವೈದ್ಯಕೀಯ ಕಾಲೇಜುಗಳಿಗೆ ಕೊಡಲು ಹಲವು ರಾಜ್ಯಗಳ ಕಾನೂನು ಅವಕಾಶ ಕೊಟ್ಟಿತ್ತು. ನ್ಯೂಯಾರ್ಕ್‌ನಲ್ಲಿ ಅದು 1854ರಲ್ಲೇ ಬಂದಿತ್ತು. ಬಂಧುಗಳಿಲ್ಲದೆ ಅಲ್ಲಿ ಸತ್ತರೆ ದೇಹವೂ ತನ್ನದಾಗಿ ಉಳಿಯುವುದಿಲ್ಲ ಎಂಬುದು ಬಡವರಿಗೆ ಚೆನ್ನಾಗಿ ಗೊತ್ತಿತ್ತು.

1935ರ ಕಾನೂನಿನ ಒಂದು ಷರತ್ತು

1920ರ ದಶಕದಲ್ಲಿ ಫೆಡರಲ್ (ಕೇಂದ್ರ) ಸರ್ಕಾರದ ಕಾರ್ಮಿಕ ಅಂಕಿಅಂಶ ಇಲಾಖೆ ದೇಶದ ಎರಡು ಸಾವಿರಕ್ಕೂ ಹೆಚ್ಚು ಬಡವರ ಮನೆಗಳ ಲೆಕ್ಕ ತೆಗೆಯಿತು. ಅವುಗಳ ಬಳಿ ಒಟ್ಟು ಮೂರು ಲಕ್ಷ ಎಕರೆಗೂ ಮಿಕ್ಕಿ ಜಮೀನಿತ್ತು. ಬಹಳಷ್ಟು ಕೌಂಟಿಗಳಲ್ಲಿ ಬೆರಳೆಣಿಕೆಯ ಮುದುಕರಿಗಾಗಿ ಒಂದು ದೊಡ್ಡ ಕಟ್ಟಡ, ಮೇಲ್ವಿಚಾರಕನ ಸಂಸಾರ, ಆಳುಕಾಳು, ದನಕರು ಎಲ್ಲವನ್ನೂ ಸಾಕಲಾಗುತ್ತಿತ್ತು. ಆ ಮುದುಕರ ಕೈಗೆ ತಿಂಗಳಿಗಿಷ್ಟು ಹಣ ಕೊಟ್ಟು ಅವರವರ ಮನೆಯಲ್ಲೇ ಇರಲು ಬಿಟ್ಟರೆ ಅಗ್ಗವಲ್ಲವೇ ಎಂಬ ವಾದ ಬಲವಾಯಿತು. ವೃದ್ಧಾಪ್ಯ ವೇತನದ ಪರ ಹೋರಾಡಿದವರಿಗೆ ಬಡವರ ಮನೆಯೇ ದೊಡ್ಡ ಸಾಕ್ಷಿಯಾಯಿತು. ಒಂದೊಂದಾಗಿ ರಾಜ್ಯಗಳು ಅಂತಹ ಕಾನೂನು ಮಾಡಿದವು. ಅಷ್ಟರಲ್ಲಿ ಮಹಾ ಆರ್ಥಿಕ ಕುಸಿತ ಬಂದು, ಸೋಮಾರಿತನವೇ ಬಡತನಕ್ಕೆ ಕಾರಣ ಎಂಬ ನಂಬಿಕೆಯನ್ನು ಅಲುಗಾಡಿಸಿತು.

1935ರ ಆಗಸ್ಟ್ 14ರಂದು ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಸಾಮಾಜಿಕ ಭದ್ರತಾ ಕಾಯ್ದೆಗೆ ಸಹಿ ಹಾಕಿದರು. ಅದರಲ್ಲಿ ವೃದ್ಧರಿಗೆ ಎರಡು ಬೇರೆ ಬೇರೆ ವ್ಯವಸ್ಥೆಗಳಿದ್ದವು. ದುಡಿಯುವಾಗ ಸಂಬಳದಿಂದ ಕಡಿತವಾದ ಹಣದ ಮೇಲೆ ನಿವೃತ್ತಿಯ ನಂತರ ಬರುವ ವಿಮಾ ವೇತನ ಒಂದು. ಹೊಲದ ಕೂಲಿಗಳನ್ನೂ ಮನೆಗೆಲಸದವರನ್ನೂ ಆಗ ಇದರಿಂದ ಹೊರಗಿಡಲಾಗಿತ್ತು. ಇನ್ನೊಂದು, ಈಗಾಗಲೇ ಮುದುಕರಾಗಿ ಕೈ ಬರಿದಾದವರಿಗೆ ರಾಜ್ಯಗಳ ಮೂಲಕ ಕೊಡುವ ನೆರವು. ಈ ಎರಡನೆಯದರಲ್ಲಿ ತಿಂಗಳಿಗೆ 30 ಡಾಲರ್‌ವರೆಗಿನ ಮೊತ್ತದ ಅರ್ಧವನ್ನು ಫೆಡರಲ್ ಸರ್ಕಾರ ಭರಿಸುತ್ತಿತ್ತು. ಆದರೆ ಒಂದು ಷರತ್ತು: ಸಾರ್ವಜನಿಕ ಸಂಸ್ಥೆಯೊಂದರಲ್ಲಿ ವಾಸಿಸುವವರಿಗೆ ಈ ಹಣ ಸಲ್ಲದು.

ಕೌಂಟಿಯ ಬಡವರ ಮನೆಗಳಿಗೆ ಪೆಟ್ಟು ಬಿದ್ದದ್ದು ಈ ಷರತ್ತಿನಿಂದ. ಒಬ್ಬ ವೃದ್ಧೆ ಬಡವರ ಮನೆಯಲ್ಲಿದ್ದರೆ ಪೂರ್ತಿ ಖರ್ಚು ಕೌಂಟಿಯದು. ಅಲ್ಲಿಂದ ಹೊರಗೆ ಹೋದರೆ ಅರ್ಧ ಖರ್ಚನ್ನು ವಾಷಿಂಗ್ಟನ್ ಕೊಡುತ್ತದೆ. ಕೌಂಟಿಗಳು ತಡಮಾಡಲಿಲ್ಲ. 1937ರಲ್ಲಿ ಕಾಯ್ದೆಯ ವಿಮಾ ಭಾಗವನ್ನು ಎತ್ತಿಹಿಡಿದ ಸುಪ್ರೀಂ ಕೋರ್ಟಿನ ತೀರ್ಪಿನಲ್ಲಿ ನ್ಯಾಯಮೂರ್ತಿ ಬೆಂಜಮಿನ್ ಕಾರ್ಡೋಜೋ, ಬಡವರ ಮನೆಯ ಕಷ್ಟಗಳಿಂದಲೂ, ಬದುಕಿನ ಕೊನೆಯಲ್ಲಿ ಅದೇ ಗತಿ ಕಾದಿದೆಯೆಂಬ ಕಾಡುವ ಭಯದಿಂದಲೂ ಜನರನ್ನು ಪಾರುಮಾಡುವುದೇ ಈ ಶಾಸನದ ಹಿಂದಿನ ಆಶಯವೆಂದು ಬರೆದರು.

ಆದರೆ ಒಂಟಿಯಾಗಿ ಬದುಕಲಾರದ, ಹಾಸಿಗೆ ಹಿಡಿದ ವೃದ್ಧರು ಹೋಗುವುದೆಲ್ಲಿಗೆ? ಅವರಿಗೆ ಹಣ ಬಂತು, ಆರೈಕೆ ಬರಲಿಲ್ಲ. ಖಾಸಗಿ ಮನೆಗಳು ಸಾರ್ವಜನಿಕ ಸಂಸ್ಥೆಗಳಲ್ಲದ್ದರಿಂದ, ಕೋಣೆ ಬಾಡಿಗೆಗೆ ಕೊಟ್ಟು ಊಟ ಹಾಕಿ ಅಷ್ಟಿಷ್ಟು ಶುಶ್ರೂಷೆ ಮಾಡುವ ಮನೆಗಳು ಈ ಸರ್ಕಾರಿ ಹಣವನ್ನು ನಂಬಿಕೊಂಡು ಊರೂರಲ್ಲಿ ಹುಟ್ಟಿದವು. ಅಮೆರಿಕದ ಖಾಸಗಿ ನರ್ಸಿಂಗ್ ಹೋಮ್ ಉದ್ಯಮ ದೊಡ್ಡದಾಗಿ ಬೆಳೆಯತೊಡಗಿದ್ದು ಇಲ್ಲಿಂದ. 1950ರ ತಿದ್ದುಪಡಿ ಸಾರ್ವಜನಿಕ ವೈದ್ಯಕೀಯ ಸಂಸ್ಥೆಗಳಲ್ಲಿರುವವರಿಗೂ ನೆರವು ಕೊಡಬಹುದೆಂದಿತು. 1965ರಲ್ಲಿ ಬಂದ ಮೆಡಿಕೇಡ್ ಎಂಬ, ಬಡವರ ವೈದ್ಯಕೀಯ ಖರ್ಚು ಭರಿಸುವ ಸರ್ಕಾರಿ ಯೋಜನೆ ಬಡ ವೃದ್ಧರ ನರ್ಸಿಂಗ್ ಹೋಮ್ ಖರ್ಚನ್ನು ಫೆಡರಲ್ ಮತ್ತು ರಾಜ್ಯ ಸರ್ಕಾರಗಳ ನಡುವೆ ಹಂಚಿತು. ಹೀಗೆ ಬದುಕುಳಿದ ಕೌಂಟಿ ಮನೆಗಳು ದಾದಿಯರನ್ನು ನೇಮಿಸಿಕೊಂಡು ಕೌಂಟಿ ನರ್ಸಿಂಗ್ ಹೋಮ್‌ಗಳಾದವು. ಅವಕ್ಕೆ ಹಸುಗಳೂ ಹೊಲವೂ ಬೇಕಾಗಿರಲಿಲ್ಲ. ಜಮೀನನ್ನು ಗೇಣಿಗೆ ಕೊಟ್ಟರು, ಮಾರಿದರು, ಶಾಲೆಗೆ, ಉದ್ಯಾನಕ್ಕೆ, ಜಾತ್ರೆ ಮೈದಾನಕ್ಕೆ, ಜೈಲಿಗೆ ಬಿಟ್ಟುಕೊಟ್ಟರು.

ಒಂದೇ ಕಾನೂನು, ಎರಡು ಕೌಂಟಿಗಳು

1798ರ ಒಂದೇ ಕಾನೂನಿನಿಂದ ಹುಟ್ಟಿದ ಪೆನ್ಸಿಲ್ವೇನಿಯಾದ ಎರಡು ಸಂಸ್ಥೆಗಳು ಈಗ ಎಲ್ಲಿವೆ ಎಂದು ನೋಡಿದರೆ, ಇಂದಿನ ಮಾರಾಟದ ಚರ್ಚೆ ಏನೆಂಬುದು ತಿಳಿಯುತ್ತದೆ. ಲ್ಯಾಂಕಾಸ್ಟರ್ ಕೌಂಟಿಯ ಬಡವರ ಮನೆ ಅದೇ ಜಾಗದಲ್ಲಿ ಬೆಳೆದು 'ಕಾನೆಸ್ಟೋಗ ವ್ಯೂ' ಎಂಬ ನರ್ಸಿಂಗ್ ಹೋಮ್ ಆಗಿತ್ತು. ಕೌಂಟಿ ಅದನ್ನು 2005ರಲ್ಲಿ ಖಾಸಗಿಯವರಿಗೆ ಮಾರಿತು. ಚೆಸ್ಟರ್ ಕೌಂಟಿಯಲ್ಲಿ ಆ ಹೊಣೆ ಎಂಬ್ರೀವಿಲ್‌ನಿಂದ 'ಪೊಕಾಪ್ಸನ್ ಹೋಮ್' ಎಂಬ ನರ್ಸಿಂಗ್ ಹೋಮಿಗೆ ಬಂದಿದ್ದು, ಅದನ್ನು ಕೌಂಟಿಯೇ ನಡೆಸುತ್ತಿದೆ.

ಮಾರಬೇಕೆನ್ನುವವರು ಹೇಳುವುದು ತಲಾ ಖರ್ಚನ್ನು: ಮೆಡಿಕೇಡ್ ಕೊಡುವ ದರಕ್ಕೂ ನಿಜವಾದ ವೆಚ್ಚಕ್ಕೂ ಇರುವ ಅಂತರವನ್ನು ಸ್ಥಳೀಯ ಆಸ್ತಿ ತೆರಿಗೆಯಿಂದ ತುಂಬಬೇಕಾಗುತ್ತದೆ. ಉಳಿಸಿಕೊಳ್ಳಬೇಕೆನ್ನುವವರು ಕೇಳುವುದು, ಹಣ ತೀರಿದ ಮುದುಕರನ್ನು ಬೇರೆಯವರು ಸೇರಿಸಿಕೊಳ್ಳದಿದ್ದಾಗ ಯಾರು ಸೇರಿಸಿಕೊಳ್ಳಬೇಕು ಎಂದು. ಕೌಂಟಿಯ ಸಭೆಗೆ ಹೋಗುವ ನಿವಾಸಿಗಳು ಎರಡು ಅಂಕಿಗಳನ್ನು ಕೇಳಿ ಪಡೆಯಬಹುದು: ತಮ್ಮ ಕೌಂಟಿಯ ಹೋಮಿನಲ್ಲಿ ಮೆಡಿಕೇಡ್ ಮೇಲೆ ಇರುವವರು ಎಷ್ಟು ಮಂದಿ, ಮತ್ತು ಮಾರಾಟದ ಕರಾರಿನಲ್ಲಿ ಕೊಳ್ಳುವವರು ಅಂಥವರಿಗಾಗಿ ಎಷ್ಟು ಹಾಸಿಗೆಗಳನ್ನು ಎಷ್ಟು ವರ್ಷ ಕಾಯ್ದಿರಿಸಲು ಒಪ್ಪಿದ್ದಾರೆ.